ಕಟಕ್ ಅನ್ನುವವರೆಗೆ

ಮಧ್ಯಾಹ್ನ ಮೂರಕ್ಕೆ ಕರೆಂಟ್ ಬಂದಾಗ ಅವಳಿಗೆ ಸಂತೋಷಪಡುವಷ್ಟೂ ತ್ರಾಣ ಉಳಿದಿರಲಿಲ್ಲ. ಬೆಳಗ್ಗೆಯಿಂದ ಬಲ್ಬನ್ನೇ ನೋಡಿ ನೋಡಿ ಕಣ್ಣು ಸೋತಿದ್ದವು. ಕುರ್ಚಿ ಎಳೆದುಕೊಂಡು ಕಂಪ್ಯೂಟರಿನ ಗುಂಡಿ ಒತ್ತಿದಳು. ಒಳಗಿನ ಫ್ಯಾನು ಗುರ್ ಎಂದಿತು, ಪರದೆ ಮಾತ್ರ ಕಪ್ಪಗೇ ಉಳಿಯಿತು. ಆಮೇಲೆ ಪೆಟ್ಟಿಗೆಯೊಳಗಿನಿಂದ ಉದ್ದನೆಯ ಒಂದು ಬೀಪ್. ಸ್ವಲ್ಪ ತಡೆದು ಇನ್ನೊಂದು. ಮತ್ತೂ ಒಂದು.

ಆ ಪೆಟ್ಟಿಗೆಯೊಳಗೆ ಅವಳ ಮೂರು ತಿಂಗಳಿತ್ತು. ಹಕ್ಕಿಗಳ ಬಗ್ಗೆ ಯಾರೋ ಬರೆದ ಎಂಟುನೂರು ಪುಟಗಳ ಪುಸ್ತಕಕ್ಕೆ ಪದಸೂಚಿ: ಯಾವ ಹಕ್ಕಿ ಯಾವ ಪುಟದಲ್ಲಿದೆ ಎಂದು ಅಕಾರಾದಿಯಾಗಿ ಪಟ್ಟಿ ಹಾಕುವ ಕೆಲಸ. ಓದು ಮುಗಿದ ಮೇಲೆ ಸಿಕ್ಕ ಮೊದಲ ಕೆಲಸವದು. ಯಾರ ಹತ್ತಿರವೂ ಮಾತಾಡಬೇಕಿಲ್ಲ ಎಂಬುದೇ ಅದರ ದೊಡ್ಡ ಸುಖವಾಗಿತ್ತು. "ಇವತ್ತು ಐದಕ್ಕೆ ಪುಸ್ತಕ ಅಚ್ಚಿಗೆ ಹೋಗತ್ತಮ್ಮ. ನಿನ್ನ ಸೂಚಿ ಬಂದ್ರೆ ಸೇರಿಸ್ತೀವಿ, ಇಲ್ದಿದ್ರೆ ಇಲ್ಲ," ಎಂದು ಸಂಪಾದಕಿ ಕಡ್ಡಿ ಮುರಿದಂತೆ ಹೇಳಿದ್ದರು. ಪೆನ್‌ಡ್ರೈವಿನಲ್ಲಿದ್ದದ್ದು ಹೋದ ತಿಂಗಳ ಪ್ರತಿ. ಅದರಲ್ಲಿ ಹಕ್ಕಿಗಳು 'ತ'ಕಾರಕ್ಕೇ ಬಂದು ನಿಂತಿದ್ದವು.

ಪ್ಲಗ್ ಕಿತ್ತು ಬೇರೆ ಕಡೆ ಹಾಕಿದಳು. ಮೇಜಿನಡಿ ಮಂಡಿಯೂರಿ ಪರದೆಯ ವೈರನ್ನು ಬಿಚ್ಚಿ ಮತ್ತೆ ಸಿಕ್ಕಿಸಿದಳು. ಬೀಪ್ ನಿಲ್ಲಲಿಲ್ಲ.

"ಏನೇ ಅದು ಅರಚ್ಕೋತಿರೋದು?" ಅಡುಗೆಮನೆಯಿಂದ ಸೋದರತ್ತೆಯ ದನಿ ಬಂತು.

"ಆನ್ ಆಗ್ತಿಲ್ಲ ಅತ್ತೆ."

"ನಿನ್ನ ಥರಾನೇ ಬಿಡು. ಎಬ್ಬಿಸಿದ್ರೆ ಗೊಣಗತ್ತೆ, ಏಳಲ್ಲ."

ಬೇರೆ ದಿನವಾಗಿದ್ದರೆ ಅಪ್ಪ ನಗುತ್ತಿದ್ದರು. ಇವತ್ತು ಕಿಟಕಿ ಪಕ್ಕದ ತಮ್ಮ ಮೇಜಿನಲ್ಲಿ, ಬಿಚ್ಚಿದ ಕೈಗಡಿಯಾರವೊಂದರ ಮೇಲೆ ಇನ್ನಷ್ಟು ಬಗ್ಗಿದರು.

ರಿಪೇರಿಯವನ ನಂಬರು ಪೆಟ್ಟಿಗೆಗೇ ಅಂಟಿಸಿತ್ತು. ಅಪರಿಚಿತರಿಗೆ ಫೋನ್ ಮಾಡುವುದೆಂದರೆ ಅವಳಿಗೆ ಆಗದು. ಹೇಳಬೇಕಾದ್ದನ್ನು ಚೀಟಿಯಲ್ಲಿ ಬರೆದುಕೊಂಡಳು. ಅವನು ಚೀಟಿಯ ಮೊದಲ ಸಾಲಿಗೇ ಅಡ್ಡ ಬಾಯಿ ಹಾಕಿದ.

"ಬೀಪು ಉದ್ದನೇದಾ, ಗಿಡ್ಡದಾ?"

"ಉದ್ದ. ಒಂದಾದ್ಮೇಲೊಂದು."

"ಹಾಗಾದ್ರೆ ರ‍್ಯಾಮ್ ಕೂತಿಲ್ಲ. ಯಾರಾದ್ರೂ ಬಿಚ್ಚಿದ್ರಾ?"

"ಇಲ್ವಲ್ಲ."

"ತಾನಾಗೇ ಎದ್ದು ಬರಲ್ಲ ಮೇಡಂ ಅದು. ನಾನು ಬರೋದು ನಾಳೇನೇ. ನೀವೇ ನೋಡಿ. ಪ್ಲಗ್ ಕಿತ್ತು ಪಕ್ಕದ ಮುಚ್ಚಳ ತೆಗೀರಿ. ಬಾಚಣಿಗೆಯಷ್ಟುದ್ದದ ಎರಡು ಹಸಿರು ಪಟ್ಟಿ ನಿಂತಿರ್ತವೆ, ಅದೇ ರ‍್ಯಾಮು. ಎರಡೂ ತುದಿ ಕ್ಲಿಪ್ಪು ಕಟಕ್ ಅಂತ ಬೀಳೋವರೆಗೂ ಒತ್ತಿ. ಹೆದರ‍್ಬೇಡಿ, ಜೋರಾಗೇ ಒತ್ತಬೇಕು."

ಮುಚ್ಚಳ ತೆಗೆದಳು. ಒಳಗೆ ಒಂದು ಚೂರೂ ಧೂಳಿರಲಿಲ್ಲ. ನಾಲ್ಕು ವರ್ಷದ ಧೂಳು ಎಲ್ಲಿ ಹೋಯಿತು? ಫ್ಯಾನಿನ ಒಂದೊಂದು ರೆಕ್ಕೆಯೂ ಆಗ ತಾನೇ ಅಂಗಡಿಯಿಂದ ತಂದಂತೆ ಹೊಳೆಯುತ್ತಿತ್ತು. ಅವಳು ಕುಕ್ಕರುಗಾಲಲ್ಲಿ ಕೂತಲ್ಲಿಂದಲೇ ತಿರುಗಿದಳು.

"ಅಪ್ಪಾ."

ಅಪ್ಪ ಕಣ್ಣಿಗೆ ಸಿಕ್ಕಿಸಿದ್ದ ಗಾಜನ್ನು ತೆಗೆಯಲಿಲ್ಲ. "ನಿನ್ನೆ ನೀನು ಗೆಳತಿ ಮನೆಗೆ ಹೋಗಿದ್ಯಲ್ಲ ಪುಟ್ಟಿ... ತುಂಬ ಧೂಳಿತ್ತು. ಬ್ರಷ್ಷಲ್ಲಿ ಒರೆಸಿದೆ ಅಷ್ಟೇ. ಎಲ್ಲ ಇದ್ದ ಜಾಗಕ್ಕೇ ಇಟ್ಟಿದೀನಿ."

ನಿಜ, ಇಟ್ಟಿದ್ದರು. ನಲವತ್ತು ವರ್ಷ ಗಡಿಯಾರ ರಿಪೇರಿ ಮಾಡಿದ ಕೈ ಅದು. ಜೋರು ಹಾಕಬೇಕಾಗಿ ಬಂತು ಅಂದರೆ ಎಲ್ಲೋ ತಪ್ಪಾಗಿದೆ ಅಂತ ಅರ್ಥ, ಎಂದು ಅವರು ಎಷ್ಟು ಸಲ ಹೇಳಿಲ್ಲ! ಹಲ್ಲುಚಕ್ರವನ್ನು ಅದರ ಜಾಗದಲ್ಲಿಟ್ಟು ಬೆರಳು ತೆಗೆಯುವ ಹಾಗೆಯೇ ಪಟ್ಟಿಗಳನ್ನೂ ಅವುಗಳ ಸೀಳಿನಲ್ಲಿ ನಿಲ್ಲಿಸಿ ಬಿಟ್ಟಿದ್ದರು. ಕೂದಲೆಳೆಯಷ್ಟೂ ವಾಲಿರಲಿಲ್ಲ. ತುದಿಯ ಕ್ಲಿಪ್ಪುಗಳು ಮಾತ್ರ ಬಾಯಿ ತೆರೆದುಕೊಂಡೇ ಇದ್ದವು.

ರೇಗಬೇಕೆನಿಸಿತು. ರೇಗುವುದಕ್ಕೂ ಶಕ್ತಿ ಬೇಕು.

ಅಪ್ಪ ಎದ್ದು ಬಂದು ಪಕ್ಕದಲ್ಲಿ ಕೂತರು. "ನಾನು ಒತ್ಲಾ?" ಎಂದು ಎರಡು ಬೆರಳ ತುದಿಯಿಂದ, ಮಲಗಿದ ಮಗುವಿನ ಕೆನ್ನೆ ಮುಟ್ಟಿದಂತೆ ಮುಟ್ಟಿದರು. ಏನೂ ಆಗಲಿಲ್ಲ. ಅವಳು ಎರಡೂ ಹೆಬ್ಬೆರಳಿಟ್ಟಳು. ಅವಳದ್ದೂ ಅದೇ ಕೈ. ಬಾಗಿಲನ್ನೂ ಸದ್ದಾಗದಂತೆ ಹಾಕಿಯೇ ಬೆಳೆದವಳು. ಒತ್ತಿದಳು. ಅಡಿಯ ಹಲಗೆ ಬಾಗಿತು.

"ಬೇಡ ಬೇಡ, ಮುರಿಯತ್ತೆ!"

"ಮುರಿದ್ರೆ ಮುರೀಲಿ ಅಪ್ಪ, ಈಗ ಮಾತ್ರ ಏನು ಉಳಿದಿದೆ?" ಎಂದು ಮೈಯ ಭಾರವನ್ನೆಲ್ಲ ಹೆಬ್ಬೆರಳಿಗೆ ಬಿಟ್ಟಳು.

ಕಟಕ್. ಅಪ್ಪ ಕಣ್ಣು ಮುಚ್ಚಿಕೊಂಡರು. ಕಟಕ್. ಹೀಗೆ ನಾಲ್ಕು ಸಲ.

"ಏನು ಮುರಿದ್ರಿ ಅಪ್ಪ ಮಗಳು ಸೇರ‍್ಕೊಂಡು?" ಅತ್ತೆ ಕೂಗಿದರು. ಅವಳು ಪ್ಲಗ್ ಸಿಕ್ಕಿಸಿದಳು.

ಗುಂಡಿ ಒತ್ತಿದರೆ ಈ ಸಲ ಒಂದೇ ಒಂದು ಗಿಡ್ಡ ಬೀಪ್ ಬಂತು, ಪರದೆ ಬೆಳಗಿತು. ಫೈಲು ಇತ್ತು. ಗಂಟೆ ನಾಲ್ಕೂಕಾಲು. 'ಹ'ಕಾರದ ಅರವತ್ತು ಹೆಸರುಗಳನ್ನು ಪುಟದ ಜೊತೆ ತಾಳೆ ನೋಡುವುದು ಬಾಕಿ.

ಅವಳು ಹೆಸರು, ಪುಟ ಓದುವುದು, ಅಪ್ಪ ಪುಸ್ತಕದ ಕರಡು ಪ್ರತಿಯಲ್ಲಿ ಆ ಪುಟ ತೆಗೆದು ನೋಡುವುದು ಎಂದಾಯಿತು. "ಹದ್ದು, ಇನ್ನೂರ ಹನ್ನೊಂದು." ಅಪ್ಪ ಹಾಳೆಯ ಮೂಲೆ ಮಡಿಸದಂತೆ ತಿರುವಿ, ಬೆರಳಿಟ್ಟು ಸಾಲು ಸಾಲೂ ಹುಡುಕಿ, "ಇದೆ" ಎನ್ನುತ್ತಿದ್ದರು.

"ಅಪ್ಪಾ, ಬೇಗ."

"ಇಲ್ದಿದ್ದನ್ನ ಇದೆ ಅಂದ್ಬಿಟ್ರೆ?"

ಐದಕ್ಕೆ ಆರು ನಿಮಿಷವಿದ್ದಾಗ 'ಹು' ಮುಗಿಯಿತು. ಅವಳು ಓದುವುದನ್ನು ನಿಲ್ಲಿಸಿ ಫೈಲನ್ನು ಮೇಲ್‌ಗೆ ಸೇರಿಸಿ ಕಳಿಸಿಬಿಟ್ಟಳು.

"ಇನ್ನೂ ಹನ್ನೆರಡು ಉಳಿದಿತ್ತಲ್ಲೇ!"

"ಉಳೀಲಿ."

ಎರಡು ನಿಮಿಷಕ್ಕೆ ಉತ್ತರ ಬಂತು. 'ಸಿಕ್ಕಿತು, ಸೇರಿಸಿದ್ದೇವೆ.' ಅಷ್ಟೇ. ಕುಣಿಯಬೇಕಿತ್ತು, ಹಣೆಯನ್ನು ಮೇಜಿಗಾನಿಸಿ ಕಣ್ಣು ಮುಚ್ಚಿದಳು. ಪಕ್ಕದಲ್ಲಿ ಹಾಳೆ ತಿರುಗುವ ಸದ್ದು ನಿಂತಿರಲಿಲ್ಲ. ಪರದೆ ನೋಡಿಕೊಂಡು ಅಪ್ಪ ಒಬ್ಬರೇ ಉಳಿದ ಹನ್ನೆರಡನ್ನು ಹುಡುಕುತ್ತಿದ್ದರು.

ಬಹಳ ಹೊತ್ತಿನ ಮೇಲೆ ಮೆಲ್ಲಗೆ ಹೇಳಿದರು. "ಪುಟ್ಟಿ, ಹೆಜ್ಜಾರ್ಲೆ ಐನೂರ ಏಳು ಅಂತ ಹಾಕಿದೀಯ. ಅದಿರೋದು ಐನೂರ ಎಂಟರಲ್ಲಿ."

ಅವಳು ತಲೆ ಎತ್ತಲಿಲ್ಲ.

"ಇರ‍್ಲಿ ಬಿಡಪ್ಪ. ಬೇಕಾದೋರು ಒಂದು ಹಾಳೆ ತಿರುಗಿಸಿ ನೋಡ್ಕೋತಾರೆ."