ಬಾಯಿಪಾಠದ ಕಾನೂನು

ತಣ್ಣಗಿದೆ ಈ ಬೆಂಚು, ಕೋರ್ಟಿನಲ್ಲಿ ಕರಿಯರು ಕೂರುವ ಬೆಂಚುಗಳೆಲ್ಲ ಹೀಗೆಯೋ ಏನೋ, ಕಾಲರು ಕತ್ತು ಕೊರೆಯುತ್ತಿದೆ, ಅಮ್ಮ ಗಂಜಿ ಹಾಕಿ ಇಸ್ತ್ರಿ ಮಾಡಿದ್ದಾಳೆ, ಸಾಕ್ಷಿ ಹೇಳೋನು ಚರ್ಚಿಗೆ ಹೊರಟಂಗೆ ಕಾಣ್ಬೇಕು ಕಣೋ ವರ್ನೆಲ್, ಆಯ್ತಮ್ಮ, ಆದರೆ ಹೇಳುವುದೇನು, ಒಳಗೆ ಗೆಳೆಯ ಕ್ಲಿಯೋಫಸ್ ಕೈಕೋಳದಲ್ಲಿ ನಿಂತಿದ್ದಾನೆ, ಪೊಲೀಸನ ಮೇಲೆ ಕೈಮಾಡಿದನಂತೆ, ಐದು ವರ್ಷ ಜೈಲಾಗಬಹುದಂತೆ, ಸುಳ್ಳು, ಆ ಕೈ ಯಾಕೆ ಮುಂದೆ ಬಂತು ಎಂಬುದು ನನಗೆ ಗೊತ್ತು — ಸಿಟ್ಟು ಬರುತ್ತದೆ, ಆದರೆ ಸಿಟ್ಟಿಗೂ ನಿದ್ದೆ ಬೇಕಲ್ಲ, ಆರು ತಿಂಗಳಿಂದ ಹಗಲೂ ರಾತ್ರಿ ಪೊಲೀಸರ ಕಾರಿನ ಹಿಂದೆಯೇ ನಮ್ಮ ಕಾರು, ಅವರು ನಮ್ಮವರನ್ನು ತಡೆದಲ್ಲಿ ನಾವೂ ಇಳಿದು ಕಾವಲು ನಿಲ್ಲುವುದು, ಹತ್ತು ಹೆಜ್ಜೆ ದೂರ, ಕ್ಲಿಯೋಫಸ್ ಕಾನೂನು ಒಪ್ಪುವ ಬಂದೂಕು ಹಿಡಿದು ಹಿಂದೆ, ನಾನು ಕಾನೂನಿನ ಪುಸ್ತಕ ಹಿಡಿದು ಮುಂದೆ, ಸಿಕ್ಕಿಬಿದ್ದವನಿಗೆ ಅವನ ಹಕ್ಕು ಕೇಳಿಸುವಂತೆ ಗಟ್ಟಿಯಾಗಿ ಓದಬೇಕು, ಏನ್ ಗಂಟಲೋ ನಿಂದು, ಪಾದ್ರಿ ಆಗ್ಬೇಕಿತ್ತು, ಎನ್ನುತ್ತಿದ್ದ ಕ್ಲಿಯೋಫಸ್, ಗಂಟಲಿದೆ, ಅಕ್ಷರವಿಲ್ಲ, ಸ್ಕೂಲು ಬಿಡಿಸಿ ಹತ್ತಿ ಬಿಡಿಸಲು ಕಳಿಸಿದವರನ್ನು ಕೇಳಿ, ತಂಗಿ ಓದಿ ಹೇಳಿದ ಎರಡು ಪುಟ ಬಾಯಿಪಾಠ ಮಾಡಿದ್ದೆ, ಬೆರಳು ಎಲ್ಲಿಂದೆಲ್ಲಿಗೆ ಸರಿಯಬೇಕು ಎಂಬುದನ್ನೂ. ಅಂದು ಲಾಂಡ್ರಿಯ ಮುಂದೆ ಮುದುಕನೊಬ್ಬನನ್ನು ಕಾರಿಗೆ ಒತ್ತಿ ಹಿಡಿದಿದ್ದರು, ನಾನು ಶುರುಮಾಡಿದೆ, ದಪ್ಪ ಪೊಲೀಸು ನಡೆದು ಬಂದ, ನನ್ನ ಪುಸ್ತಕದ ಬೇರೆ ಪುಟ ತಿರುವಿದ, ಇದನ್ನ ಓದೋ ಹುಡುಗಾ, ಬಿಸಿಲು, ಅಕ್ಷರಗಳು ಕದಲಲಿಲ್ಲ, ಓದಪ್ಪಾ ಲಾಯರೇ, ಬೀದಿ ಕಾಯ್ತಾ ಇದೆ, ಒದ್ದೆ ಬಟ್ಟೆ ಹಿಡಿದ ಹೆಂಗಸರು, ಕೆನ್ನೆ ಕಾರಿಗಂಟಿದ್ದ ಮುದುಕ, ಎಲ್ಲರೂ ನನ್ನ ಬಾಯನ್ನೇ — ಕ್ಲಿಯೋಫಸ್ ಬಂದೂಕನ್ನು ಕಾರಿನ ಮೇಲಿಟ್ಟು ಬಂದ, ಕೊಡಿಲ್ಲಿ, ನಾನ್ ಓದ್ತೀನಿ, ಪುಸ್ತಕಕ್ಕೆ ಕೈ ಚಾಚಿದ, ಖಾಲಿ ಅಂಗೈ, ಅದರ ಮೇಲೆಯೇ ಲಾಠಿ ಬಿತ್ತು. ಜೈಲಿನಿಂದ ಹೇಳಿಕಳಿಸಿದ್ದಾನೆ, ಅದೊಂದು ಹೇಳ್ಬೇಡ ವರ್ನೆಲ್, ನಮ್ಮ ಪುಸ್ತಕಾನೇ ನಾಟಕ ಅಂತಾರೆ, ಅಂದರೆ ಅವನಿಗೆ ಮೊದಲಿಂದಲೂ ಗೊತ್ತಿತ್ತು, ಒಂದು ದಿನವೂ ಆಡಿಕೊಳ್ಳಲಿಲ್ಲ. ಹೆಸರು ಕೂಗಿದರು, ಕಟಕಟೆಯ ಮರ ನುಣುಪಾಗಿದೆ, ಎಷ್ಟು ಕೈಗಳೋ, ಲಾಂಡ್ರಿಯ ಹೆಂಗಸರು ಹ್ಯಾಟು ಹಾಕಿಕೊಂಡು ಬಂದು ಕೂತಿದ್ದಾರೆ, ನಮ್ಮ ವಕೀಲ ಕೇಳುತ್ತಿದ್ದಾನೆ, ಅವನು ಕೈ ಚಾಚಿದ್ದು ಯಾಕೆ, ಕ್ಲಿಯೋಫಸ್ ತಲೆಯಾಡಿಸುತ್ತಿದ್ದಾನೆ, ಬೇಡ, ಬೇಡ, ನನಗೆ ಓದೋಕೆ ಬರಲ್ಲ ಸಾರ್, ಎಂದೆ, ಇನ್ನೊಮ್ಮೆ ಗಟ್ಟಿಯಾಗಿ ಹೇಳಿ ಎಂದರು ನ್ಯಾಯಾಧೀಶರು, ಗಟ್ಟಿಯಾಗಿಯೇ ಹೇಳಿದೆ, ಆಮೇಲೆ ಏನು ಕೇಳಿದರೋ, ಕಾಣುವುದು ಆ ಕೈ ಒಂದೇ, ಬಿಸಿಲಲ್ಲಿ ಚಾಚಿದ್ದು, ಖಾಲಿ ಅಂಗೈ, ಇನ್ನೂ ಲಾಠಿ ಬೀಳದ ಅಂಗೈ