ಮಡಿಸಿಟ್ಟ ಪಟ್ಟ

ಇಂಡೋನೇಷ್ಯಾದ ತನ್ನ ಊರಿನ ಶಾಲೆಯಲ್ಲಿ ಟೀಚರ್ ಆಗಬೇಕೆಂಬುದು ಯೆಲ್ಮಿರಾಳ ಆಸೆ. ಅರ್ಜಿ ಹಾಕಲು ಹೋದವಳನ್ನು, ಮೊದಲು ಯಾವ ದೇಶದವಳೆಂದು ತೀರ್ಮಾನಿಸಿಕೊಂಡು ಬಾ ಎಂದು ವಾಪಸ್ ಕಳಿಸಿದರು.

ಮನೆಯ ಜಗಲಿಯಲ್ಲಿ ಮೊಟ್ಟೆ ಕದಡಿದ ಚಹಾ ಕುಡಿಯುತ್ತಿದ್ದ ಸೋದರಮಾವ ದಾತುಕ್ ಮರಾಜೋ ಇದನ್ನು ಕೇಳಿ ನಕ್ಕರು. ದಾತುಕ್ ಎಂದರೆ ಕುಲದ ಪಟ್ಟ ಹೊತ್ತ ಹಿರಿಯ; ಅವರಿಗೆ ಇದು ಪ್ರಶ್ನೆಯೇ ಅಲ್ಲ. ಹುಡುಗಿಯ ಅಪ್ಪ ಮಲೇಷ್ಯಾದವನು, ಸೆರೆಂಬಾನಿನಲ್ಲಿ ಬಟ್ಟೆ ಅಂಗಡಿ ಇಟ್ಟವನು, ನಿಜ. ಆದರೆ ತಾಯಿ ಅಸ್ನಿದಾರ್ ತಮ್ಮ ಒಡಹುಟ್ಟಿದ ತಂಗಿ. ಮಿನಾಂಗ್ ಜನರಲ್ಲಿ ಕುಲ ಬರುವುದು ತಾಯಿಯಿಂದ, ಗದ್ದೆ ಮನೆ ಹೋಗುವುದು ಮಗಳಿಗೆ. ಈ ಮನೆಗೆ ಇನ್ನೊಬ್ಬ ಹೆಣ್ಣುಮಗಳಿಲ್ಲ.

"ನಮ್ಮ ಹುಡುಗೀನ ನಮ್ಮವಳು ಅನ್ನೋಕೆ ಕಚೇರಿಯವರನ್ನ ಕೇಳ್ಬೇಕಾ?" ಎಂದರು. "ಹುಟ್ಟಿದಾಗಿಂದ ಎರಡೂ ದೇಶದ ಪೌರತ್ವ ಇದೆಯಲ್ಲಮ್ಮ. ಎರಡೂ ಇರ್ಲಿ. ಒಂದು ಇಲ್ಲಿಗೆ, ಒಂದು ಅಪ್ಪನ ಮನೆಗೆ."

ಯೆಲ್ಮಿರಾಳಿಗೆ ಇನ್ನು ಕೆಲವೇ ತಿಂಗಳಲ್ಲಿ ಇಪ್ಪತ್ತೊಂದು ತುಂಬಲಿತ್ತು. ಅಷ್ಟರೊಳಗೆ ಒಂದನ್ನು ಆರಿಸಬೇಕೆಂದು ಅಣ್ಣನಿಗೆ ಎದುರಾಡಲು ಅಸ್ನಿದಾರಳಿಗೆ ಧೈರ್ಯ ಬರಲಿಲ್ಲ. ಪಕ್ಕದ ಮನೆಯ ಗೆಳತಿ ನೂರ್ಹಯಾನಳನ್ನು ಕರೆತಂದಳು.

ನೂರ್ಹಯಾನಳ ಕುಲ ಬೇರೆ. ಅವಳ ಅಣ್ಣ ಆ ಕುಲದ ದಾತುಕ್ ಆಗಿದ್ದ. ಅವನು ತೀರಿಕೊಂಡಾಗ ಪಟ್ಟ ಅವಳ ಮಗ ಜುಲ್‌ಹೆಂದ್ರಿಗೆ ಬರಬೇಕಿತ್ತು. ಮಗ ಮಲೇಷ್ಯಾದಿಂದ ಮಣ್ಣಿಗೆ ಬಂದ, ಕೆಲವು ದಿನ ಇದ್ದ, ಹೊರಟುಹೋದ. ಹೊರುವವರಿಲ್ಲದ ಪಟ್ಟವನ್ನು ಯಾರಿಗೂ ಕೊಡದೆ ಮಡಿಸಿಡುವುದು ಇಲ್ಲಿಯ ಪದ್ಧತಿ. ಅಂದಿನಿಂದ ಆ ಕುಲದ ಪಟ್ಟ ಮಡಿಸಿಯೇ ಇದೆ.

ಹುರಿದ ಬಾಳೆಹಣ್ಣಿನ ತಟ್ಟೆಯನ್ನು ಮುಂದಿಟ್ಟು ಅವಳು ಕೂತಳು.

"ದಾತುಕ್, ನನ್ನ ಮಗನಿಗೆ ಪಟ್ಟ ಬೇಡ್ವಂತೆ ಅಂತ ನೀವು ಹಿರಿಯರ ಸಭೇಲಿ ಆಡಿದ್ರಿ."

"ಆಡಿದ್ದೆ. ಪೇಟೆ ನೀರು ಕುಡಿದೋನಿಗೆ ಊರಿನ ಪಟ್ಟ ಭಾರ ಆಯ್ತು. ಸೋದರಮಾವನ ಗೋರಿ ಮೇಲಿನ ಮಣ್ಣು ಒಣಗೋ ಮುಂಚೆ ಗಂಟು ಕಟ್ಟಿದ."

"ಅವನಾಗಿ ಗಂಟು ಕಟ್ಲಿಲ್ಲ. ಇರೋಕೆ ಕೊಟ್ಟಿದ್ದ ಅವಧಿ ಮುಗೀತು."

ದಾತುಕ್ ಲೋಟ ಕೆಳಗಿಟ್ಟರು.

ಇಷ್ಟು ವರ್ಷ ಯಾರಿಗೂ ಹೇಳದ್ದನ್ನು ನೂರ್ಹಯಾನ ಹೇಳಿದಳು. ಅವಳ ಗಂಡನೂ ಹೊರದೇಶದವನು, ಮಗನಿಗೂ ಎರಡು ಪೌರತ್ವ ಇತ್ತು. ತನ್ನ ಹೊಟ್ಟೆಯಲ್ಲಿ ಹುಟ್ಟಿದವನು ತನ್ನ ಕುಲದವನೇ ತಾನೆ, ಬರೆದುಕೊಡುವುದೇನಿದೆ ಎಂದು ಅವಳೂ ಸುಮ್ಮನಿದ್ದಳು. ಅವನಿಗೆ ಇಪ್ಪತ್ತೊಂದು ದಾಟಿತು. ಈಗ ಅವನು ಈ ದೇಶಕ್ಕೆ ಪರದೇಶಿ. ಮತ್ತೆ ಪೌರತ್ವ ಕೇಳಬಹುದು, ಆದರೆ ಅದು ಬೇರೆಯೇ ದಾರಿ, ಉದ್ದದ ದಾರಿ.

"ತಾಯಿ ಮನೆಗೆ ಬರೋಕೆ ಪ್ರವಾಸಿ ಅಂತ ಮುದ್ರೆ ಒತ್ತಿಸ್ಕೊಂಡು ಬರ್ತಾನೆ. ಕುಲ ಅವನನ್ನ ಬಿಟ್ಟಿಲ್ಲ ದಾತುಕ್. ದೇಶದ ಲೆಕ್ಕದಿಂದ ಬಿಟ್ಟುಹೋಗಿದಾನೆ."

ದಾತುಕ್ ನಿಯಮಗಳನ್ನು ಒಂದೊಂದಾಗಿ ಕೇಳಿದರು. ಅವಳು ತಿಳಿದಷ್ಟನ್ನು ಹೇಳಿದಳು. ಇಂಡೋನೇಷ್ಯಾದಲ್ಲಿ ಎರಡು ಪೌರತ್ವ ಮಕ್ಕಳಿಗೆ ಮಾತ್ರ, ಅದೂ ಹದಿನೆಂಟರವರೆಗೆ. ಅದಕ್ಕೂ ಮೊದಲೇ ಮದುವೆಯಾದರೆ ಅಲ್ಲಿಯವರೆಗೆ. ಅಲ್ಲಿಂದ ಮೂರು ವರ್ಷದೊಳಗೆ ಒಂದನ್ನು ಆರಿಸಿ ಬರೆದುಕೊಡಬೇಕು. ಇಂಡೋನೇಷ್ಯಾ ಎಂದರೆ ಇನ್ನೊಂದನ್ನು ಬಿಡಬೇಕು. ಎರಡನ್ನೂ ಇಟ್ಟುಕೊಂಡಿರುವವರೆಗೆ ಜಮೀನಿನ ಪೂರ್ಣ ಒಡೆತನವೂ ಹೆಸರಿಗೆ ಬರುವುದಿಲ್ಲ.

ದಾತುಕ್ ಸೋದರಸೊಸೆ ಯೆಲ್ಮಿರಾಳತ್ತ ತಿರುಗಿದರು. "ಹಾಗಾದ್ರೆ ನಾಳೇನೇ ಪಡಾಂಗ್ ಪೇಟೆಯ ಕಚೇರಿಗೆ ಹೋಗೋಣ. ಇಂಡೋನೇಷ್ಯಾ ಅಂತ ಬರೆದುಕೊಟ್ಟುಬಿಡು."

"ಬರೆಯೋಳು ಅವಳು, ನೀವಲ್ಲ," ಎಂದಳು ನೂರ್ಹಯಾನ. "ಅಪ್ಪನ ದೇಶ ಅಂದ್ರೂ ತಪ್ಪಿಲ್ಲ. ಯಾವುದೂ ಅನ್ನದೆ ಕೂರೋದು ತಪ್ಪು."

ಯೆಲ್ಮಿರಾ ಎದ್ದು ಅಪ್ಪನಿಗೆ ಫೋನ್ ಮಾಡಿದಳು. ಆ ಪಾಸ್‌ಪೋರ್ಟ್ ಬಿಟ್ಟರೆ ಅಪ್ಪನನ್ನೇ ಬಿಟ್ಟಂತೆ ಅನಿಸುತ್ತದೆ ಎಂದಳು. ಅತ್ತ ಕಡೆ ಅಂಗಡಿಯ ಗದ್ದಲ ಕೇಳುತ್ತಿತ್ತು.

"ಯಾವ ಪಾಸ್‌ಪೋರ್ಟಲ್ಲಾದ್ರೂ ಬಾ ಮಗಳೇ," ಎಂದ ಅಪ್ಪ. "ನಾನು ಅಪ್ಪ ಆಗಿರೋದಕ್ಕೆ ಕೊನೇ ದಿನಾಂಕ ಇಲ್ಲ. ನಿನ್ನ ಕೆಲಸಕ್ಕೆ ಇದೆ."

ವಾರ ಕಳೆದು ಅವಳು ಇಂಡೋನೇಷ್ಯಾ ಎಂದು ಬರೆದುಕೊಟ್ಟಳು. ಜೊತೆಗೆ ಹೋಗಿದ್ದ ದಾತುಕ್ ಕಚೇರಿಯ ಬೆಂಚಿನಲ್ಲಿ ಬಾಯಿ ಮುಚ್ಚಿಕೊಂಡು ಕೂತಿದ್ದರು. ಊರಿಗೆ ಬಂದವರು ಮನೆ ಮೆಟ್ಟಿಲು ಹತ್ತಲಿಲ್ಲ. ನೇರ ನೂರ್ಹಯಾನಳ ಬಾಗಿಲಿಗೆ ಹೋದರು.

"ನಿನ್ನ ಮಗ ಮುಂದಿನ ಸಲ ಬಂದಾಗ ಹೇಳಿ ಕಳಿಸು. ಸಭೇಲಿ ಆಡಿದ ಮಾತನ್ನ ಸಭೇಲೇ ವಾಪಸ್ ತಗೋತೀನಿ. ಪಟ್ಟ ಮಡಿಸೇ ಇರ್ಲಿ, ಬೇರೆಯವರಿಗೆ ಕೊಡಬೇಡಿ. ಉದ್ದದ ದಾರಿ ಅಂದ್ಯಲ್ಲ, ಅದನ್ನ ಕಚೇರೀಲಿ ಕೇಳಿ ನೋಡೋಣ."

ಓದುತ್ತಿರುವವರೇ, ನಿಮ್ಮ ಮನೆಯಲ್ಲೋ ಪಕ್ಕದ ಮನೆಯಲ್ಲೋ ಎರಡು ದೇಶಗಳ ತಂದೆತಾಯಿಗೆ ಹುಟ್ಟಿದ ಮಗು ಇದ್ದರೆ, ಅದರ ವಯಸ್ಸು ಈಗ ಎಷ್ಟು ಎಂದು ಕೇಳಿ. ಹದಿನೆಂಟು ತುಂಬಿದ್ದರೆ ಈ ವಾರವೇ ಕಚೇರಿಗೆ ಕರೆದುಕೊಂಡು ಹೋಗಿ. ನಿಯಮ ಬದಲಾಗಿರಬಹುದು, ಅಲ್ಲಿಯೇ ವಿಚಾರಿಸಿ. ಯಾವ ದೇಶ ಎಂಬುದು ಮಗುವಿನ ಆಯ್ಕೆ, ನೀವು ಒತ್ತಾಯಿಸಬೇಡಿ. ದಿನಾಂಕವನ್ನು ನೆನಪಿಸುವುದು ಮಾತ್ರ ನಿಮ್ಮ ಕೆಲಸ.