ವ್ರತದ ತಿಂಗಳಲ್ಲಿ ಊಟದ ಯಾತ್ರೆ

ಮದುವೆ ಸೆಪ್ಟೆಂಬರಿನಲ್ಲಿ ಎಂದು ಗೊತ್ತಾದ ದಿನವೇ ಸರ್ಮಾಲೆಯ ಜಗಳವೂ ಹುಟ್ಟಿಕೊಂಡಿತು.

ನನ್ನ ತಮ್ಮ ಅಂಗೆಲ್ ನಮ್ಮ ದೇಶದ ದಕ್ಷಿಣ ತುದಿಯ ಕರಕಾಲ್ ಊರಿನಲ್ಲಿ ಬಸ್ ಓಡಿಸಿ ನಿವೃತ್ತನಾದವನು. ಅವನ ಹೆಂಡತಿ ಒಲಿಂಪಿಯಾ. ನಾನು ತುದೋರಾ, ಮದುವೆಯಾಗದೆ ಉಳಿದ ಅಕ್ಕ. ಅವರ ಜೊತೆಗೇ ಇದ್ದೇನೆ. ಅವರ ಮಗ ತಿಬೇರಿಯು ಮೆಚ್ಚಿದ ಹುಡುಗಿ ಸ್ಮರಾಂದ ದೇಶದ ಇನ್ನೊಂದು ತುದಿಯವಳು, ಮೊಲ್ದೋವಾ ಸೀಮೆಯ ವಾಸ್ಲುಯಿ ಕಡೆ. ಮಾತುಕತೆಗೆಂದು ಅವಳ ತಾಯಿ ಪ್ರೊಫಿರಾ ಮಗಳ ಜೊತೆ ರೈಲು ಹತ್ತಿ ಬಂದರು. ಒಲಿಂಪಿಯಾ ಬೆಳಗಿನಿಂದ ಒಲೆ ಬಿಟ್ಟಿರಲಿಲ್ಲ. ಹುಳಿ ಬಂದ ಕೋಸಿನ ಎಲೆಯೊಳಗೆ ಹಂದಿಮಾಂಸ, ಅಕ್ಕಿ ಸುತ್ತಿ, ಮಣ್ಣಿನ ಗಡಿಗೆಯಲ್ಲಿ ಹದವಾಗಿ ಬೇಯಿಸಿದ ಸರ್ಮಾಲೆಯನ್ನು ಬೀಗಿತ್ತಿಯ ತಟ್ಟೆಗೆ ಬಡಿಸಿದಳು. ಒಂದೊಂದೂ ಮುಷ್ಟಿ ಗಾತ್ರ.

ಪ್ರೊಫಿರಾ ಫೋರ್ಕಿನಿಂದ ಒಂದನ್ನು ಹೊರಳಿಸಿ ನೋಡಿದರು. "ಅಯ್ಯ ಬೀಗಿತ್ತಿ, ಇದೇನ್ರಿ, ಕೂಸಿಗೆ ಹೊದಿಕಿ ಸುತ್ತಿದಂಗ ಐತಲ್ಲ! ಇಷ್ಟರಾಗ ನಾವು ಆರು ಮಾಡ್ತೀವಿ."

"ನಿಮ್ಮ ಕಡೆ ಊಟ ಅಂದ್ರೆ ಮಾತ್ರೆ ನುಂಗೋದಿರಬೇಕು," ಅಂದಳು ಒಲಿಂಪಿಯಾ. "ನಮ್ಮಲ್ಲಿ ಹೊಟ್ಟೆ ತುಂಬಿಸ್ತೀವಿ ಬೀಗಿತ್ತಿ."

ಇಬ್ಬರೂ ನಕ್ಕರು. ನಗುವಿನಲ್ಲಿ ಉಪ್ಪು ಮಾತ್ರ ಇತ್ತು, ಸಕ್ಕರೆ ಇರಲಿಲ್ಲ. ಮದುವೆಯ ಅಡುಗೆ ಯಾರದು ಎಂಬ ಮಾತು ಬಂದಾಗ ಅದೂ ನಿಂತಿತು. ಇವಳು ತನ್ನ ಗಡಿಗೆ ಬಿಡಲೊಲ್ಲಳು. ಅವರು ತಮ್ಮೂರಿನ ಹೆಂಗಸರನ್ನು ಕರೆತಂದೇ ತರುತ್ತೇನೆ ಅನ್ನುತ್ತಾರೆ. ಸ್ಮರಾಂದ ಕಣ್ಣಲ್ಲಿ ನೀರು ತಂದುಕೊಂಡಳು.

ಆಗ ಅಂಗೆಲ್ ಲೋಟ ಕೆಳಗಿಟ್ಟ. "ನೋಡಿ ಬೀಗಿತ್ತಿ, ನೋಡೇ ಒಲಿಂಪಿಯಾ. ನೀವಿಬ್ರೂ ನಿಮ್ಮ ನಿಮ್ಮ ಒಲೆ ಬಿಟ್ಟು ಬೇರೆ ಒಲೆದು ಉಂಡವರಲ್ಲ. ಮದುವೆಗೆ ಮುಂಚೆ ದೇಶ ಸುತ್ತಿ ಉಂಡು ಬರೋಣ. ಗಾಡಿ ನಾನು ಓಡಿಸ್ತೀನಿ. ಆಮೇಲೆ ಏನು ಬಡಿಸೋದು ಅಂತ ಮಾತಾಡಿ."

ಇಬ್ಬರೂ ಒಪ್ಪಿದ್ದು ನನಗೆ ಆಶ್ಚರ್ಯ. ಆಮೇಲೆ ಹೊಳೆಯಿತು: ದೇಶವೆಲ್ಲ ತನ್ನ ಪರವಾಗಿಯೇ ತೀರ್ಪು ಕೊಡುತ್ತದೆಂದು ಇಬ್ಬರಿಗೂ ಖಾತ್ರಿ.

ಅಂದಿನಿಂದ ನಮ್ಮ ಅಡುಗೆಮನೆ ಸೇನೆಯ ಡೇರೆಯ ಹಾಗಾಯಿತು. ಅಂಗೆಲ್ ಮೇಜಿನ ಮೇಲೆ ನಕ್ಷೆ ಹರಡಿ, ಮೂಲೆಗೆ ಉಪ್ಪಿನ ಭರಣಿ ಇಟ್ಟು, ಪೆನ್ಸಿಲ್ ಹಿಡಿದು ಕೂತ. ಓಲ್ತ್ ನದಿಯ ಗುಂಟ ಮೇಲಕ್ಕೆ ಹೋಗಿ ಸಿಬಿಯು, ಅಲ್ಲಿಂದ ಕ್ಲುಜ್, ಅಲ್ಲಿನ ಪದರ ಪದರದ ಕೋಸು, ಮರಮುರೆಷಿನ ಬೆಟ್ಟಗಳು, ಬುಕೋವಿನಾದ ಬೆಳ್ಳುಳ್ಳಿ ಹಾಕಿದ ಕೋಳಿ ಸಾರು, ಪ್ರೊಫಿರಾ ಅವರ ಊರು, ಕೊನೆಗೆ ದಾನ್ಯೂಬ್ ನದಿ ಸಮುದ್ರ ಸೇರುವಲ್ಲಿ ಇವನ ಸೇನೆಯ ಗೆಳೆಯ ಸಿದೋರ್, ಹೊಳೆ ನೀರಿನಲ್ಲೇ ಮೀನು ಸಾರು ಕುದಿಸುವವನು. ಹೇಳುತ್ತ ಹೇಳುತ್ತ ಅವನ ಬಾಯಲ್ಲೇ ನೀರೂರುತ್ತಿತ್ತು.

"ಸಿದೋರನಿಗೆ ಮೊದಲೇ ಫೋನ್ ಮಾಡಿ ಹೇಳ್ರೀ," ಅಂದಳು ಒಲಿಂಪಿಯಾ.

ಊರಿಗೆ ಮರಳಿದ್ದ ಪ್ರೊಫಿರಾ ಫೋನಿನ ಆ ತುದಿಯಿಂದ ತಡೆದರು. "ಬ್ಯಾಡ್ರಿ! ಬರ್ತೀವಂತ ಹೇಳಿದ್ರ ಅವ್ರು ಹಬ್ಬದ ಅಡಗಿ ಮಾಡ್ತಾರ. ಹೇಳದ ಹೋಗ್ಬೇಕು. ಅವ್ರು ದಿನಾ ಉಣ್ಣೂದು ನಮಗ ಸಿಗಬೇಕು."

ಒಲಿಂಪಿಯಾ ತುಟಿ ಕೊಂಕಿಸಿದಳು. ಮಾತು ಸರಿ ಅನ್ನಿಸಿದಾಗ ಅವಳು ಮಾಡುವುದು ಅದನ್ನೇ. ಆದರೂ ಎರಡು ದೊಡ್ಡ ಚೀಲಗಳಲ್ಲಿ ತನ್ನ ಗಡಿಗೆ, ಮೆಣಸಿನಕಾಯಿ ಉಪ್ಪಿನಕಾಯಿ, ಬ್ರೆಡ್ಡು ತುಂಬಿಟ್ಟಳು.

"ಊಟ ಹುಡುಕೋಕೆ ಹೊರಟವಳು ಬುತ್ತಿ ಕಟ್ಕೊಂಡು ಹೋಗ್ತಾಳಂತೆ!" ಅಂದ ಅಂಗೆಲ್.

"ಸಿಗದಿದ್ರೆ ನಿಮ್ಮ ನಕ್ಷೆ ಹುರಿದು ಹಾಕ್ತೀರಾ?"

ಎಲ್ಲ ಸಿದ್ಧವಾದ ಮೇಲೆ ನನ್ನ ಕಣ್ಣು ಗೋಡೆಯ ಮೇಲಿನ ಚರ್ಚಿನ ಪಂಚಾಂಗದ ಮೇಲೆ ಬಿತ್ತು. ತಿಬೇರಿಯುವಿನ ಕಾರ್ಖಾನೆ ರಜೆಯಿದ್ದಾಗ ಮಾತ್ರ ಅವನ ಕಾರು ನಮಗೆ; ರಜೆ ಇದ್ದದ್ದು ಆಗಸ್ಟಿನ ಮೊದಲ ಅರ್ಧ.

"ಅಂಗೆಲ್, ಅದು ಮರಿಯಮ್ಮನ ವ್ರತ ಕಣೋ," ಅಂದೆ.

ಆಗಸ್ಟ್ ಹದಿನೈದರ ಮರಿಯಮ್ಮನ ಹಬ್ಬದವರೆಗೆ ಮಾಂಸವಿಲ್ಲ, ಹಾಲು ಚೀಸ್ ಇಲ್ಲ, ಮೊಟ್ಟೆಯಿಲ್ಲ. ನಮ್ಮ ಮನೆಯಲ್ಲಿ ವ್ರತಕ್ಕೆ ಅಲ್ಲಲ್ಲಿ ಕಿಂಡಿಗಳಿವೆ. ಪ್ರೊಫಿರಾ ಮಾತ್ರ ಚಾಚೂ ತಪ್ಪದವರು.

"ಬೀಗಿತ್ತಿ ಬಾಯಿಗೆ ಬೀಗ ಬಿತ್ತು," ಎಂದು ಒಲಿಂಪಿಯಾ ಪಿಸುಗುಟ್ಟಿದಳು. ಅಂಗೆಲ್ ಪೆನ್ಸಿಲ್ ಕಿವಿಗೆ ಸಿಕ್ಕಿಸಿ, ಸಾವಿನ ಸುದ್ದಿ ತಿಳಿಸುವವನ ಹಾಗೆ ವಾಸ್ಲುಯಿಗೆ ಫೋನ್ ಮಾಡಿದ.

ಆ ಕಡೆಯಿಂದ ಪ್ರೊಫಿರಾ ಅವರ ನಿಧಾನದ ದನಿ ಬಂತು. "ಛಲೋ ಆತು ಬಿಡ್ರಿ ಅಂಗೆಲಣ್ಣ. ಹಂದಿ ಕೊಬ್ಬು ಹಾಕಿದ್ರ ಯಾರ ಕೈ ಏನಂತ ಗೊತ್ತಾಗಂಗಿಲ್ಲ, ಎಲ್ಲಾ ರುಚಿನ. ಕಾಳು, ಉಳ್ಳಾಗಡ್ಡಿ ಅಷ್ಟ ಕೊಟ್ಟು ನೋಡ್ಬೇಕು. ಅಡಗಿ ಬರೂದು ಯಾರಿಗಂತ ಆಗ ತಿಳೀತೈತಿ. ಹೊರಡೂಣು."

ಆ ಗಳಿಗೆಯಲ್ಲಿ ನಾನು ಬೀಗಿತ್ತಿಯನ್ನು ಮೆಚ್ಚಿದೆ. ಒಲಿಂಪಿಯಾ ಕೂಡ ಮೆಚ್ಚಿದಳು. ಗೊತ್ತಾಗಬಾರದೆಂದು ಎದ್ದು ಹೋಗಿ ನಲ್ಲಿ ತಿರುಗಿಸಿದಳು.

ಹಬ್ಬಕ್ಕೆ ಇನ್ನೂ ಹತ್ತು ದಿನ ಇದ್ದಾಗ, ಪ್ರೊಫಿರಾ ಮತ್ತೆ ರೈಲು ಹತ್ತಿ ಬಂದ ಮೇಲೆ, ನಾಲ್ವರೂ ಹೊರಟೆವು. ಮೊದಲ ಮಧ್ಯಾಹ್ನದ ಊಟ ಓಲ್ತ್ ಕಣಿವೆಯ ಮೇಲಿನ ಒಂದು ಕನ್ಯಾಮಠದಲ್ಲಿ. ಸಂಜೆಗೆ ಸಿಬಿಯು ಎಂದು ಅಂಗೆಲನ ಲೆಕ್ಕ. ಮಠದ ಉದ್ದ ಮೇಜಿನ ಮೇಲೆ ಅರೆದ ಬೀನ್ಸ್ ಕಾಳು ಬಂತು, ಮೇಲೆ ಕೆಂಪಗೆ ಹುರಿದ ಈರುಳ್ಳಿ. ಜೊತೆಗೆ ಮೆಕ್ಕೆಜೋಳದ ಮುದ್ದೆ, ಅಣಬೆಯ ಸಾರು. ಅಷ್ಟೇ.

ಒಲಿಂಪಿಯಾ ಒಂದು ತುತ್ತು ಬಾಯಿಗಿಟ್ಟಳು. "ಇದಕ್ಕೆ ಏನು ಹಾಕಿದ್ದಾರೆ ಅತ್ತಿಗೆ?" ಎಂದು ನನ್ನನ್ನು ಕೇಳಿದಳು.

"ಏನೂ ಹಾಕಿಲ್ರಿ," ಅಂದರು ಪ್ರೊಫಿರಾ. "ಅವಸರ ಮಾಡಿಲ್ಲ, ಅಷ್ಟ."

ಇಬ್ಬರೂ ತಟ್ಟೆಯನ್ನು ಬ್ರೆಡ್ಡಿನಿಂದ ಒರೆಸಿ ಒರೆಸಿ ತಿಂದರು. ಮಾಡಿದವರ ಮುಖ ನೋಡಬೇಕೆಂದು ಹಿಂದಿನ ಅಡುಗೆಮನೆಗೆ ಹೋದೆವು.

ಅಲ್ಲಿ ಫಿಲೋತೆಯಾ ಅಮ್ಮ ಇದ್ದರು. ಎತ್ತರದ, ದಪ್ಪ ಮೈಯ ವೃದ್ಧ ಕನ್ಯಾಸ್ತ್ರೀ. ಕುದಿನೀರು ಚೆಲ್ಲಿ ಸುಟ್ಟ ಬಲಗೈಗೆ ಮೊಣಕೈವರೆಗೆ ಬಟ್ಟೆ ಸುತ್ತಿತ್ತು. ಎಡಗೈಯಿಂದ ದೊಡ್ಡ ಕಡಾಯಿ ತಿರುವುತ್ತ, ಮೆಲ್ಲಗೆ ಕೀರ್ತನೆ ಹಾಡುತ್ತಿದ್ದರು. ನೋವು ಬಂದಾಗ ಕೀರ್ತನೆಯ ದನಿ ಏರುತ್ತಿತ್ತು, ಸೌಟು ನಿಲ್ಲುತ್ತಿರಲಿಲ್ಲ. ಮಠದ ಹಬ್ಬ ಮರಿಯಮ್ಮನದೇ. ಬೆಟ್ಟ ಹತ್ತಿ ಬರುವ ಜನಕ್ಕೆಲ್ಲ ಇಲ್ಲೇ ಊಟ. ಸಹಾಯಕ್ಕೆ ಅವರಿಗಿಂತಲೂ ವಯಸ್ಸಾದ ಇಬ್ಬರು ಕನ್ಯಾಸ್ತ್ರೀಯರು ಮಾತ್ರ.

ಪ್ರೊಫಿರಾ ಅಂಗಿಯ ತೋಳು ಮಡಚಿದರು. "ಅಂಗೆಲಣ್ಣ, ಗಾಡಿಯಾಗಿಂದ ನನ್ನ ಚೀಲ ಇಳಸ್ರಿ."

"ಬೀಗಿತ್ತಿ, ಸಂಜೆಗೆ ಸಿಬಿಯು..."

"ಸಿಬಿಯು ಎಲ್ಲಿ ಓಡಿಹೋಗ್ತೈತ್ರಿ?"

ಒಲಿಂಪಿಯಾ ಆಗಲೇ ಏಪ್ರನ್ ಹುಡುಕುತ್ತಿದ್ದಳು. ಹೀಗೆ ನಮ್ಮ ದೇಶಸಂಚಾರ ಮೊದಲ ಊಟಕ್ಕೇ ನಿಂತಿತು.

ಆ ದಿನಗಳಲ್ಲಿ ಈರುಳ್ಳಿ ಹೆಚ್ಚುವುದು ನನಗೆ, ಕಟ್ಟಿಗೆ ಒಡೆಯುವುದು ಅಂಗೆಲ್‌ಗೆ. ಫಿಲೋತೆಯಾ ಅಮ್ಮನ ಕೈ ನೋಡುವುದೇ ಒಂದು ಊಟ. ಸಬ್ಬಸಿಗೆ ಸೊಪ್ಪನ್ನು ಅವರು ಮೂಗಿಗೆ ಹಿಡಿದು, ಹೌದು ಅನ್ನುವಂತೆ ತಲೆಯಾಡಿಸಿ ಆಮೇಲೆ ಹಾಕುತ್ತಿದ್ದರು. ಒಂದು ದಿನ ಅಣಬೆಗೆ ಕ್ಲುಜಿನವರ ಹಾಗೆ ಒಗ್ಗರಣೆ, ಮರುದಿನ ಕಾಳಿಗೆ ಮೊಲ್ದೋವಾದವರ ತವುಡಿನ ಹುಳಿನೀರು. ಪ್ರೊಫಿರಾ ಅದನ್ನು ನೆಕ್ಕಿ ನೋಡಿ ದಂಗಾದರು.

"ಅಮ್ಮಾ, ನಮ್ಮ ಸೀಮೀಗೆ ಯಾವಾಗ ಬಂದಿದ್ರಿ?"

"ನಾನೆಲ್ಲಿಗೆ ಬರಲಿ ತಾಯಿ? ಹದಿನೆಂಟಕ್ಕೆ ಈ ಬೆಟ್ಟ ಹತ್ತಿದವಳು ಇಳಿದೇ ಇಲ್ಲ. ಬಂದವರು ಉಣ್ಣೋವಾಗ ಪಕ್ಕದಲ್ಲಿ ಕೂತ್ಕೋತೀನಿ. ನಿಮ್ಮೂರಲ್ಲಿ ಹೇಗೆ ಮಾಡ್ತೀರಿ ಅಂತ ಕೇಳ್ತೀನಿ. ಊರಿನ ಸುದ್ದಿ ಮುಚ್ಚಿಟ್ಟಾರು, ಊರಿನ ಅಡುಗೆ ಯಾರೂ ಮುಚ್ಚಿಡಲ್ಲ."

ಹಬ್ಬದ ಹಿಂದಿನ ದಿನ ಸರ್ಮಾಲೆ ಸುತ್ತುವ ಕೆಲಸ. ಮಠದಲ್ಲಿ ಮಾಂಸವಿಲ್ಲ, ಅಣಬೆ, ಅಕ್ಕಿ, ಅಕ್ರೋಟು. ಒಲಿಂಪಿಯಾ ಮುಷ್ಟಿಯಷ್ಟು ಸುತ್ತಿದಳು, ಪ್ರೊಫಿರಾ ಹೆಬ್ಬೆರಳಷ್ಟು.

ಫಿಲೋತೆಯಾ ಅಮ್ಮ ಕಡಾಯಿಯೊಳಗೆ ಬಗ್ಗಿ ನೋಡಿ ಗದರಿದರು. "ಇದೇನ್ರಮ್ಮಾ? ಒಂದು ಕರಗಿಹೋಗುತ್ತೆ, ಇನ್ನೊಂದು ಹಸಿ ಉಳಿಯುತ್ತೆ. ಒಂದೇ ಅಳತೆ ಹಿಡೀರಿ. ಯಾವುದಾದ್ರೂ ಆಗಲಿ."

ನಾನು ಚಾಕು ಕೆಳಗಿಟ್ಟು ಜಗಳಕ್ಕೆ ಕಾದೆ. ಒಲಿಂಪಿಯಾ ಕಿಟಕಿಯಾಚೆ ನೋಡುತ್ತಿದ್ದಳು. ಆಗಲೇ ಜನ ಗಂಟುಮೂಟೆ ಹೊತ್ತು ಬೆಟ್ಟದ ದಾರಿಯಲ್ಲಿ ಬರುತ್ತಿದ್ದರು.

"ಚಿಕ್ಕದೇ ಮಾಡೋಣ ಬೀಗಿತ್ತಿ. ಎಷ್ಟು ಜನ ನೋಡಿ, ಎಲ್ಲರಿಗೂ ಮುಟ್ಟಬೇಕಲ್ಲ."

"ಬ್ಯಾಡ್ರಿ, ದೊಡ್ಡದ ಇರ್ಲಿ. ಪಾಪ, ಗುಡ್ಡ ಹತ್ತಿ ಹಸಕೊಂಡು ಬರ್ತಾರ. ಅವ್ರಿಗೆ ಮಾತ್ರಿ ಕೊಡೂದೇನ್ರಿ?"

"ನಾನು ಹೇಳ್ತಿದೀನಲ್ಲ, ಚಿಕ್ಕದು!"

"ನಾ ಒಪ್ಪಂಗಿಲ್ರಿ, ದೊಡ್ಡದು!"

"ಯಾರಾದ್ರೂ ಒಬ್ರು ಗೆಲ್ರಮ್ಮಾ, ನೀರು ಕುದೀತಿದೆ!" ಎಂದು ಫಿಲೋತೆಯಾ ಅಮ್ಮ ಕೂಗಿದರು. ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಪ್ರೊಫಿರಾ ಮೊದಲು ನಕ್ಕರು, ಒಲಿಂಪಿಯಾ ಬೆಂಚಿನ ಮೇಲೆ ಕುಸಿದು ಹೊಟ್ಟೆ ಹಿಡಿದುಕೊಂಡಳು. ಕೊನೆಗೆ ಗೆದ್ದದ್ದು ಒಲಿಂಪಿಯಾ. ಎಲ್ಲವನ್ನೂ ಚಿಕ್ಕದಾಗಿ ಸುತ್ತಿದೆವು.

ಹಬ್ಬದ ದಿನ ಪೂಜೆ ಮುಗಿದು ವ್ರತ ಬಿಟ್ಟಾಗ ಹುಲ್ಲಿನ ಮೇಲೆ ಬಟ್ಟೆ ಹಾಸಿ ಜನ ತಮ್ಮ ಗಂಟು ಬಿಚ್ಚಿದರು. ಬುಕೋವಿನಾದವರು ಸೆರಗು ಸಿಕ್ಕಿಸಿದ ಹಾಗೆ ಮೂಲೆ ಮಡಚಿದ ಚೀಸ್ ಕಡುಬು ತಂದಿದ್ದರು. ಬ್ರಷೋವ್ ಕಡೆಯವರದು ಆಲೂಗಡ್ಡೆ ಸೇರಿಸಿದ, ದಪ್ಪ ಹೊರಪದರದ ಬ್ರೆಡ್ಡು. ಸಮುದ್ರದ ಕಡೆಯ ಒಬ್ಬ ಮುದುಕಿ ಉಪ್ಪು ಹಚ್ಚಿದ ಮೀನನ್ನು ತಾನೇ ಬಿಡಿಸಿ ನಮ್ಮ ಬಾಯಿಗಿಟ್ಟಳು. ಬೇಡವೆಂದರೆ ಅವರಿಗೆ ಸಿಟ್ಟು. ಅಂಗೆಲ್ ಒಂದು ಬಟ್ಟೆಯಿಂದ ಇನ್ನೊಂದಕ್ಕೆ ಹೋಗಿ ಕೂರುತ್ತಿದ್ದ. ಕೊನೆಗೆ ಸೇಬಿನ ಮರಕ್ಕೆ ಒರಗಿ, "ಅಕ್ಕ, ನಾನು ನಕ್ಷೆಯಲ್ಲಿ ಹಾಕಿದ ದಾರಿಯವರೆಲ್ಲ ಇಲ್ಲೇ ಇದ್ದಾರೆ ಕಣೆ. ಪೆಟ್ರೋಲ್ ಉಳೀತು," ಅಂದ. ಫಿಲೋತೆಯಾ ಅಮ್ಮ ಆ ಮೀನಿನ ಮುದುಕಿಯ ಪಕ್ಕದಲ್ಲಿ ಕೂತು ಏನನ್ನೋ ವಿಚಾರಿಸುತ್ತಿದ್ದರು.

ಕಾರ್ಖಾನೆಯ ರಜೆ ಮುಗಿದಿತ್ತು. ಮರುದಿನ ಕಾರು ಹತ್ತಿದಾಗ ಫಿಲೋತೆಯಾ ಅಮ್ಮ ಕಿಟಕಿಯ ಬಳಿ ಬಂದರು. "ಒಲಿಂಪಿಯಾ, ನಿನ್ನ ಮೆಣಸಿನಕಾಯಿ ಉಪ್ಪಿನಕಾಯಿ ತಿಂದೆ. ಅದಕ್ಕೇನು ಹಾಕ್ತೀಯ ಮಗಳೇ?"

ಅದನ್ನು ಒಲಿಂಪಿಯಾ ಯಾರಿಗೂ ಹೇಳಿದವಳಲ್ಲ. ಒಂದೇ ಮನೆಯಲ್ಲಿದ್ದು ನನಗೂ ಹೇಳಿಲ್ಲ. ಅವಳು ಕಾರಿನಿಂದ ಇಳಿದಳು. ಅಮ್ಮನ ಎಡಗೈಯನ್ನು ಎರಡೂ ಕೈಯಲ್ಲಿ ಹಿಡಿದು, ಯಾವ ತಿಂಗಳ ಮೆಣಸಿನಕಾಯಿ, ಎಷ್ಟು ಜೇನು, ಯಾವ ಮರದ ಎಲೆ, ಒಂದನ್ನೂ ಬಿಡದೆ ಹೇಳಿದಳು. ಕಾರಿನೊಳಗೆ ಪ್ರೊಫಿರಾ ಇನ್ನೊಂದು ಕಡೆ ಮುಖ ಮಾಡಿ, ಕಿವಿ ಮಾತ್ರ ಇತ್ತ ಕೊಟ್ಟು ಕೂತಿದ್ದರು.

ಸೆಪ್ಟೆಂಬರಿನಲ್ಲಿ ಮದುವೆ ಚೆನ್ನಾಗಿ ನಡೆಯಿತು. ವಾಸ್ಲುಯಿಯ ಹೆಂಗಸರು ಮೊದಲೇ ಬಂದು ನಮ್ಮ ಅಂಗಳದಲ್ಲಿ ಒಲೆ ಹೂಡಿದರು. ಒಲಿಂಪಿಯಾ ತನ್ನ ಗಡಿಗೆಯನ್ನು ಆ ಒಲೆಗೇ ಏರಿಸಿ, ಅವರ ನಡುವೆ ಸೌಟು ಹಿಡಿದು ಬೈಯುತ್ತ, ಬೈಸಿಕೊಳ್ಳುತ್ತ ಓಡಾಡಿದಳು. ಸ್ಮರಾಂದ ಮದುವೆ ಉಡುಪಿನಲ್ಲೇ ಬಂದು ಅಮ್ಮ ಮತ್ತು ಅತ್ತೆಯ ನಡುವೆ ನಿಂತು, ಬಿಸಿ ಸರ್ಮಾಲೆಯೊಂದನ್ನು ಕೈಯಲ್ಲೇ ಎತ್ತಿ ತಿಂದು ಬೆರಳು ಸುಟ್ಟುಕೊಂಡಳು.